ಪಕ್ಕದ ಕುರ್ಚಿಯ ವಕೀಲರು

ಕನ್ನಡದ 'ಫಿರ್ಯಾದಿ' ಗುಜರಾತಿಯಲ್ಲಿ 'ಫರಿಯಾದಿ'. ಎರಡೂ ಪಾರಸಿಯಿಂದ ಬಂದವು. ಅಲ್ಲಿ 'ಫರ್ಯಾದ್' ಎಂದರೆ ನೆರವಿಗಾಗಿ ಕೂಗುವ ಕೂಗು. ಹೆಸರಿನಲ್ಲೇ ಕೂಗು ಇರುವ ಈ ಮನುಷ್ಯನಿಗೆ ಕ್ರಿಮಿನಲ್ ಕೋರ್ಟಿನಲ್ಲಿ ಎಷ್ಟು ದನಿ ಇದೆ?

ಸೂರತ್‌ನ ವ್ಯಾಪಾರಿಯೊಬ್ಬ ಹುಬ್ಬಳ್ಳಿಯ ಅಂಗಡಿಗೆ ಸೀರೆ ಕಳಿಸಿದ, ಬಂದ ಚೆಕ್ ಬೌನ್ಸ್ ಆಯಿತು ಅಂದುಕೊಳ್ಳಿ. ನೋಟಿಸ್ ಕೊಟ್ಟರೂ ಹಣ ಬರದಿದ್ದರೆ ಅವನು 138ನೇ ಸೆಕ್ಷನ್ ಅಡಿ ಮ್ಯಾಜಿಸ್ಟ್ರೇಟರ ಮುಂದೆ ದೂರು ಹಾಕುತ್ತಾನೆ. ಪಾಟೀಸವಾಲು, ವಾದ ಎಲ್ಲವನ್ನೂ ಅವನೇ ಫೀಸು ಕೊಟ್ಟು ಗೊತ್ತುಮಾಡಿದ ವಕೀಲರು ನಡೆಸುತ್ತಾರೆ.

ಅದೇ ವ್ಯಾಪಾರಿಯ ತಮ್ಮನ ಕೊಲೆಯಾದರೆ ಲೆಕ್ಕ ಬೇರೆ. ಸೆಷನ್ಸ್ ಕೋರ್ಟಿನಲ್ಲಿ ಕೇಸು ನಡೆಸುವವರು ಸರ್ಕಾರಿ ಅಭಿಯೋಜಕರು ಮಾತ್ರ. ಮನೆಯವರ ವಕೀಲರು ಪಕ್ಕದಲ್ಲಿ ಕೂತು ಅವರ ನಿರ್ದೇಶನದಂತೆ ನೆರವಾಗಬಹುದು. ಸಾಕ್ಷ್ಯ ಮುಗಿದ ಮೇಲೆ ಕೋರ್ಟಿನ ಅನುಮತಿ ಪಡೆದು ಲಿಖಿತ ವಾದ ಸಲ್ಲಿಸಬಹುದು. 1999ರಲ್ಲಿ ಶಿವಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ಗೆರೆಯನ್ನು ಗಟ್ಟಿಮಾಡಿತು. ಕಾರಣ ಸಣ್ಣದಲ್ಲ. ಅಭಿಯೋಜಕರು ಆರೋಪಿಗೂ ನ್ಯಾಯವಾಗಿ ನಡೆದುಕೊಳ್ಳಬೇಕಾದವರು. ಮನೆಯವರ ವಕೀಲರಿಗೆ ಶಿಕ್ಷೆಯೊಂದೇ ಗುರಿಯಾಗಬಹುದು. ಸೇಡು ಕೋರ್ಟಿನೊಳಗೆ ಬರಬಾರದು ಎಂಬ ಎಚ್ಚರ ಅದು.

ಆದರೆ ಸರ್ಕಾರದ ಪರವಾಗಿ ನಿಂತವರೇ ಕೆಲಸ ಮಾಡದಿದ್ದರೆ? ಈ ಪ್ರಶ್ನೆ ವಡೋದರಾದಲ್ಲಿ ಎದ್ದಿತು.

2002ರ ಮಾರ್ಚ್ 1ರ ರಾತ್ರಿ ಅಲ್ಲಿನ ಹನುಮಾನ್ ಟೇಕ್ರಿಯ ಬೆಸ್ಟ್ ಬೇಕರಿಗೆ ಗುಂಪು ಬೆಂಕಿ ಇಟ್ಟಿತು. 14 ಜನ ಸತ್ತರು. ವಿಚಾರಣೆಯಲ್ಲಿ 30ಕ್ಕೂ ಹೆಚ್ಚು ಸಾಕ್ಷಿಗಳು ಪ್ರತಿಕೂಲ ನುಡಿದರು. 2003ರ ಜೂನ್ 27ರಂದು 21 ಆರೋಪಿಗಳೂ ಖುಲಾಸೆಯಾದರು. ಅಹಮದಾಬಾದಿನಲ್ಲಿರುವ ಗುಜರಾತ್ ಹೈಕೋರ್ಟ್ ಅದನ್ನೇ ಎತ್ತಿಹಿಡಿಯಿತು.

2004ರ ಏಪ್ರಿಲ್ 12ರಂದು ಸುಪ್ರೀಂ ಕೋರ್ಟ್ ಈ ಖುಲಾಸೆಯನ್ನು ರದ್ದುಮಾಡಿ, ಮಹಾರಾಷ್ಟ್ರದಲ್ಲಿ ಮರುವಿಚಾರಣೆಗೆ ಆದೇಶಿಸಿತು. ಅಭಿಯೋಜಕರು ಆರೋಪಿಗಳ ವಕೀಲರಂತೆ ನಡೆದುಕೊಂಡರು ಎಂದಿತು. ವೈದ್ಯರ ವರದಿಯೇ ಇಲ್ಲದೆ, ಬುದ್ಧಿ ಸ್ಥಿಮಿತವಿಲ್ಲವೆಂದು ಒಬ್ಬ ಮುಖ್ಯ ಸಾಕ್ಷಿಯನ್ನು ಕೈಬಿಡಲಾಗಿತ್ತು. ಹೊಸ ಅಭಿಯೋಜಕರ ನೇಮಕಕ್ಕೆ ಸಂತ್ರಸ್ತರೂ ಹೆಸರು ಸೂಚಿಸಬಹುದು ಎಂದು ಕೋರ್ಟ್ ಹೇಳಿತು. ಸಾಮಾನ್ಯವಾಗಿ ಅವರಿಗೆ ಈ ಆಯ್ಕೆ ಇಲ್ಲ, ಪ್ರಕರಣ ಅಸಾಮಾನ್ಯವಾದ್ದರಿಂದ ಕೊಡುತ್ತಿದ್ದೇವೆ ಎಂದೂ ಸೇರಿಸಿತು.

ಇದರಿಂದ ಎಲ್ಲವೂ ಸರಿಹೋಯಿತು ಅನ್ನುವಂತಿಲ್ಲ. ಮರುವಿಚಾರಣೆ ಕೇಳಿ ಹೋಗಿದ್ದ ಬೇಕರಿ ಮನೆಯ ಮಗಳೇ ಮುಂಬೈಯಲ್ಲೂ ಮಾತು ಬದಲಿಸಿದಳು. ನ್ಯಾಯಾಂಗ ನಿಂದನೆಗಾಗಿ ಒಂದು ವರ್ಷ ಜೈಲು ಶಿಕ್ಷೆ ಪಡೆದಳು. ಆದರೂ 2006ರ ಫೆಬ್ರವರಿಯಲ್ಲಿ 9 ಜನರಿಗೆ ಜೀವಾವಧಿ ಶಿಕ್ಷೆಯಾಯಿತು. 2012ರಲ್ಲಿ ಬಾಂಬೆ ಹೈಕೋರ್ಟ್ ಅವರಲ್ಲಿ 5 ಜನರನ್ನು ಬಿಟ್ಟು, 4 ಜನರ ಶಿಕ್ಷೆಯನ್ನು ಉಳಿಸಿತು. ಅದಕ್ಕೆ ಆಧಾರವಾದದ್ದು ಬೇಕರಿಯಲ್ಲಿ ಕೆಲಸಕ್ಕಿದ್ದು ಗಾಯಗೊಂಡು ಬದುಕುಳಿದವರ ಮಾತು.

2009ರ ಕೊನೆಯಲ್ಲಿ ಜಾರಿಗೆ ಬಂದ ತಿದ್ದುಪಡಿ ಸಂತ್ರಸ್ತರಿಗೆ ತಮ್ಮ ಆಯ್ಕೆಯ ವಕೀಲರನ್ನು ಇಟ್ಟುಕೊಳ್ಳುವ ಅವಕಾಶ ಕೊಟ್ಟಿತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ನಾಗರಿಕ ಸುರಕ್ಷಾ ಸಂಹಿತೆಯಲ್ಲೂ ಅದು ಉಳಿದಿದೆ. ಆದರೆ ಕಾನೂನು ಬಳಸಿದ ಪದ 'ನೆರವಾಗು', 'ನಡೆಸು' ಅಲ್ಲ. ಈ ಪದದ ಮೇಲೆಯೇ 2019ರ ರೇಖಾ ಮುರಾರ್ಕಾ ತೀರ್ಪು ನಿಂತಿತು: ಸಂತ್ರಸ್ತರ ವಕೀಲರು ತಾವೇ ಪಾಟೀಸವಾಲು ಮಾಡುವಂತಿಲ್ಲ, ಬಾಯಿಮಾತಿನ ವಾದ ಮಂಡಿಸುವಂತಿಲ್ಲ. ಬಿಟ್ಟುಹೋದ ಪ್ರಶ್ನೆಯನ್ನು ಮೊದಲು ಅಭಿಯೋಜಕರಿಗೆ ಹೇಳಬೇಕು. ಅವರು ಕೇಳದಿದ್ದರೆ ನ್ಯಾಯಾಧೀಶರ ಗಮನಕ್ಕೆ ತರಬಹುದು. ಬೇಕೆನಿಸಿದರೆ ನ್ಯಾಯಾಧೀಶರೇ ಕೇಳುತ್ತಾರೆ.

ಕೈಸೋತ ಮೇಲೆ ಇನ್ನೊಂದು ದಾರಿಯಿದೆ. ಬಾಗಲಕೋಟೆಯಿಂದ ಹೋದ ಮಲ್ಲಿಕಾರ್ಜುನ ಕೊಡಗಲಿ ಪ್ರಕರಣದಲ್ಲಿ, ಖುಲಾಸೆಯ ವಿರುದ್ಧ ಸಂತ್ರಸ್ತರು ವಿಶೇಷ ಅನುಮತಿಯಿಲ್ಲದೆ ಮೇಲ್ಮನವಿ ಹೋಗಬಹುದು ಎಂದು 2018ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆದರೆ ಆ ಹೊತ್ತಿಗೆ ಸಾಕ್ಷಿಗಳು ಕಟಕಟೆ ಹತ್ತಿ ಇಳಿದಾಗಿರುತ್ತದೆ.

ಹಾಗಾಗಿ ಪಕ್ಕದ ಕುರ್ಚಿಯ ವಕೀಲರ ನಿಜವಾದ ಕೆಲಸ ಕೊನೆಯಲ್ಲಿ ಸಲ್ಲಿಸುವ ಲಿಖಿತ ವಾದವಲ್ಲ. ಯಾವ ಸಾಕ್ಷಿಯನ್ನು ಕರೆದಿಲ್ಲ, ಯಾರನ್ನು ಏನೆಂದು ಹೇಳಿ ಕೈಬಿಟ್ಟರು ಎಂಬುದನ್ನು ಅಂದಂದೇ ಗಮನಿಸಿ, ಅಂದೇ ಅರ್ಜಿ ಬರೆದು ನ್ಯಾಯಾಧೀಶರ ಮುಂದಿಡುವುದು.