ಅದು ಬಂತು

ಜೆ.ಪಿ. ನಗರದಲ್ಲಿರುವ ಸೋದರಮಾವನ ಮನೆಯ ಹಾಲ್‌ನಲ್ಲಿ ಮೊದಲ ಸಲ ರೆಕಾರ್ಡರ್ ಆನ್ ಮಾಡಿದಾಗ ಅಜ್ಜಿ ಸೆರಗು ಸರಿಮಾಡಿಕೊಂಡು, ಗಂಟಲು ಸರಿಪಡಿಸಿಕೊಂಡು, ರೇಡಿಯೋದಲ್ಲಿ ವಾರ್ತೆ ಓದುವವರ ಹಾಗೆ ಶುರು ಮಾಡಿದರು. "ನನ್ನ ಹುಟ್ಟೂರು ಬದಿಯಡ್ಕದ ಸಮೀಪದಲ್ಲಿದೆ. ನನ್ನ ತಾಯಿಯವರು ಬಹಳ ಒಳ್ಳೆಯ ಅಡಿಗೆ ಮಾಡುತ್ತಿದ್ದರು." ಹತ್ತು ನಿಮಿಷ ಮುಂಚೆ ನಾನು ಬಾಗಿಲಲ್ಲಿ ಚಪ್ಪಲಿ ಬಿಡುತ್ತಿದ್ದಾಗ ಇದೇ ಅಜ್ಜಿ "ಎಂತ ಕೂಸೇ, ಉಂಡಾತಾ?" ಅಂದಿದ್ದರು. ಆಗ ರೆಕಾರ್ಡರ್ ಬ್ಯಾಗಿನಲ್ಲಿತ್ತು.

ನನ್ನ ಪಿಎಚ್‌ಡಿ ಇರುವುದು ಕನ್ನಡದ ಉಪಭಾಷೆಗಳಲ್ಲಿ ಲಿಂಗ ಮತ್ತು ಸರ್ವನಾಮಗಳ ಮೇಲೆ. ಒಂದು ಅಧ್ಯಾಯ ಪೂರ್ತಿ ಹವ್ಯಕ ಕನ್ನಡದ್ದು. ಮನೆಯಲ್ಲೇ ಮಾತಾಡುವವರಿದ್ದಾರಲ್ಲ, ಇದೊಂದು ಸುಲಭ ಅಂತ ಗೈಡ್ ಹತ್ತಿರ ಹೇಳಿಕೊಂಡಿದ್ದೆ. ನಾನು ಹುಟ್ಟಿ ಬೆಳೆದದ್ದು ಬನಶಂಕರಿ ಎರಡನೇ ಹಂತದಲ್ಲಿ. ಅಪ್ಪ ಅಮ್ಮ ಅವರವರಲ್ಲಿ ಹವ್ಯಕದಲ್ಲಿ ಮಾತಾಡಿದರೂ ನನ್ನ ಕಡೆ ತಿರುಗಿದ ಕೂಡಲೇ ಬೆಂಗಳೂರು ಕನ್ನಡಕ್ಕೆ ಬರುತ್ತಿದ್ದರು. ಹಾಗಾಗಿ ನನಗೆ ಎಲ್ಲ ಅರ್ಥವಾಗುತ್ತದೆ, ಮಾತಾಡಲು ಹೋದರೆ ಮಾತ್ರ ನಾಲಿಗೆ ಎರಡನೇ ವಾಕ್ಯಕ್ಕೆ ಸೋಲುತ್ತದೆ.

ಹವ್ಯಕ ಅಂದರೆ ಒಂದೇ ಮಾತು ಅಂದುಕೊಳ್ಳಬೇಡಿ. ಶಿರಸಿ, ಸಿದ್ದಾಪುರ, ಯಲ್ಲಾಪುರ, ಹೊನ್ನಾವರ, ಘಟ್ಟದ ಮೇಲೆ ಸಾಗರ, ಹೊಸನಗರ, ಇವೆಲ್ಲ ಉತ್ತರದವು. ಪುತ್ತೂರು, ಸುಳ್ಯ, ವಿಟ್ಲ, ಗಡಿ ದಾಟಿದರೆ ಕಾಸರಗೋಡು, ಇವು ದಕ್ಷಿಣದವು. ನಡುವೆ ಕುಂದಾಪ್ರ ಕನ್ನಡ, ತುಳು ತಮ್ಮ ಪಾಡಿಗೆ ಹರಡಿಕೊಂಡಿವೆ. ದಕ್ಷಿಣದೊಳಗೂ ಕುಂಬ್ಳೆ ಸೀಮೆ, ಪಂಜ ಸೀಮೆ ಅಂತ ಒಬ್ಬರನ್ನೊಬ್ಬರು ಛೇಡಿಸುವುದುಂಟು. ಮಾವ ಮದುವೆಯಾದದ್ದು ಶಿರಸಿ ಕಡೆಯವರನ್ನು. ಅತ್ತೆಯ "ಗೊತ್ತಿಲ್ಲೆ"ಗೂ ಅಜ್ಜಿಯ "ಗೊಂತಿಲ್ಲೆ"ಗೂ ಒಂದು ಅನುಸ್ವಾರದಷ್ಟೇ ದೂರ. ಆದರೂ ಮದುವೆಯಾದ ಹೊಸದರಲ್ಲಿ ಅತ್ತೆ ಸೊಸೆ ಇಬ್ಬರೂ ಪರಸ್ಪರ ಮಾತಾಡಿದ್ದು ಬೆಂಗಳೂರು ಕನ್ನಡದಲ್ಲಿ! ದಕ್ಷಿಣದಲ್ಲಿ "ಹೌದು" ಅನ್ನುವುದಕ್ಕೆ "ಅಪ್ಪು" ಅನ್ನುತ್ತಾರೆ. ಸಾರಕ್ಕಿ ಮಾರ್ಕೆಟ್ಟಿನಲ್ಲಿ ಅಜ್ಜಿ ಸೌತೆಕಾಯಿ ಆರಿಸುತ್ತಾ "ಅಪ್ಪು, ಅಪ್ಪು" ಅಂದಾಗ ಗಾಡಿಯವನು ಪುನೀತ್ ಅಭಿಮಾನಿಯೊಬ್ಬರು ಸಿಕ್ಕರು ಅಂತ ಖುಷಿಯಿಂದ ಎರಡು ಕಾಯಿ ಹೆಚ್ಚಿಗೆ ಹಾಕಿದ್ದ.

ಈ ನಗೆಯ ಕಥೆಗಳನ್ನೆಲ್ಲ ನಾನು ಸೆಮಿನಾರುಗಳಲ್ಲಿ ಹೇಳಿದ್ದೇನೆ. ಇನ್ನೊಂದನ್ನು ಹೇಳಿಲ್ಲ.

ಹವ್ಯಕದಲ್ಲಿ ಹೆಂಗಸರಿಗೆ "ಅದು" ಅನ್ನುತ್ತಾರೆ. ಅಕ್ಕ ಬಂತು, ಅತ್ತೆ ಹೋತು, ಅಜ್ಜಿ ಒರಗಿತ್ತು. ದನ ಬಂದರೂ ಬಂತು, ಅಬ್ಬೆ ಬಂದರೂ ಬಂತು. ಅದರಲ್ಲಿ ಅಗೌರವವೇನೂ ಇಲ್ಲ, ವ್ಯಾಕರಣ ಅಷ್ಟೇ. ಗಂಡಸಿಗೆ "ಅವ°", ಮಿಕ್ಕದ್ದಕ್ಕೆಲ್ಲ "ಅದು". (ಆ ಪುಟ್ಟ ಸೊನ್ನೆ ಮೂಗಿನ ಉಚ್ಚಾರಕ್ಕೆ. ಹವ್ಯಕ ಬರೆಯುವವರು ಹಾಗೆ ಹಾಕುತ್ತಾರೆ.) ಮಿಕ್ಕದ್ದಕ್ಕೆಲ್ಲ ಅನ್ನುವ ಮಾತು ಹೆಣ್ಣುಮಗಳಾಗಿ ನನಗೆ ಸ್ವಲ್ಪ ಚುಚ್ಚುತ್ತದೆ, ಇಲ್ಲ ಅನ್ನಲಾರೆ. ಆದರೆ ಅದನ್ನು ಮಾತಾಡುತ್ತಾ ಬೆಳೆದ ಹೆಂಗಸರ ಬಾಯಲ್ಲಿ ಕೇಳಿದರೆ ಚುಚ್ಚುವುದಿಲ್ಲ. ಈ ಪ್ರಬಂಧದಲ್ಲಿ ನಾನು ಅಜ್ಜಿಯನ್ನು "ಅವರು" ಅಂತ ಬರೆಯುತ್ತಿದ್ದೇನೆ, ಅಮ್ಮ ಓದಿದರೆ ಯಾರೋ ಬೇರೆ ಅಜ್ಜಿ ಅಂದುಕೊಳ್ಳುತ್ತಾಳೆ.

2011ರ ಮಾತು. ಅಜ್ಜ ತೀರಿಕೊಂಡು, ಅಡಿಕೆ ತೋಟವನ್ನು ಗೇಣಿಗೆ ಕೊಟ್ಟು, ಅಜ್ಜಿ ಬೆಂಗಳೂರಿಗೆ ಬಂದು ವರ್ಷವಾಗಿತ್ತು. ನಾನು ಒಂಬತ್ತನೇ ಕ್ಲಾಸು. ಪಕ್ಕದ ಮನೆಯ ಆಂಟಿ ಯಾವುದೋ ಪೂಜೆಯ ಪ್ರಸಾದ ಹಿಡಿದು ಬಂದರು. ಅಜ್ಜಿ ನನ್ನ ಕಡೆ ತಿರುಗಿ, "ಅದು ಬೈಂದು, ಅದಕ್ಕೆ ಆಸರಿಂಗೆ ಎಂತಾರು ಕೊಡು" ಅಂದರು. ಆಸರಿಂಗೆ ಅಂದರೆ ಬಾಯಾರಿಕೆಗೆ. ಮನೆಗೆ ಬಂದವರನ್ನು ಬೆಲ್ಲವೋ ಮಜ್ಜಿಗೆಯೋ ಕೊಡದೆ ಕಳಿಸುವುದು ಅಜ್ಜಿಯ ಲೋಕದಲ್ಲಿ ಇಲ್ಲವೇ ಇಲ್ಲ. ಆದರೆ ಆಂಟಿಗೆ ಕೇಳಿಸಿದ್ದು "ಅದು" ಮಾತ್ರ. ಅವರ ಮುಖ ಬದಲಾಯಿತು. ಪಾತ್ರೆ ಟೇಬಲ್ ಮೇಲಿಟ್ಟು, ಕೆಲಸ ಇದೆ ಅಂತ ಹೊರಟುಬಿಟ್ಟರು.

ಆಮೇಲೆ ನಾನು ಅಜ್ಜಿಗೆ ಪಾಠ ಮಾಡಿದೆ. "ಇದು ಬೆಂಗಳೂರು ಅಜ್ಜಿ. ಇಲ್ಲಿ ಹೆಂಗಸರನ್ನ ಅದು ಇದು ಅಂದ್ರೆ ಬೈದ ಹಾಗೆ. ಸರಿಯಾಗಿ ಮಾತಾಡೋದು ಕಲಿ. ನಂಗೆ ನಾಚಿಕೆ ಆಗತ್ತೆ." ಕೊನೆಯ ವಾಕ್ಯ ಚೆನ್ನಾಗಿ ನೆನಪಿದೆ. ಅಜ್ಜಿ ಏನೂ ಹೇಳಲಿಲ್ಲ. ಕನ್ನಡ ಶಾಲೆಯಲ್ಲಿ ಎಂಟನೇ ಕ್ಲಾಸಿನವರೆಗೆ ಓದಿದವರು, ಆಗ ಕಾಸರಗೋಡು ಇನ್ನೂ ಮದರಾಸು ರಾಜ್ಯದಲ್ಲಿತ್ತು. 1956ರಲ್ಲಿ ಊರು ಕೇರಳಕ್ಕೆ ಹೋದಾಗ ಅವರಿಗೆ ಹದಿನೈದು. ಪುಸ್ತಕದ ಕನ್ನಡ ಅವರಿಗೆ ಬರುತ್ತಿತ್ತು. ಅಂದಿನಿಂದ ಹೊರಗಿನವರ ಎದುರು ಅದನ್ನೇ ಆಡತೊಡಗಿದರು, ಕಡಿಮೆ ಆಡತೊಡಗಿದರು. ಸಂಜೆ ಗೇಟಿನ ಹತ್ತಿರ ನಿಂತು ಹರಟುವುದು ನಿಂತಿತು.

ಎಂ.ಎ. ಎರಡನೇ ವರ್ಷದಲ್ಲಿ ಡಿ.ಎನ್. ಶಂಕರ ಭಟ್ಟರ ಹವ್ಯಕ ವ್ಯಾಕರಣ ಕೈಗೆ ಬಂತು. 1971ರಲ್ಲಿ ಪುಣೆಯ ಡೆಕ್ಕನ್ ಕಾಲೇಜು ಪ್ರಕಟಿಸಿದ ಇಂಗ್ಲಿಷ್ ಪುಸ್ತಕ. ನಾನು ನಾಚಿಕೆಪಟ್ಟ "ಅದು" ಅಲ್ಲಿ ಶಿಸ್ತಾಗಿ ಕೂತಿತ್ತು. ಹವ್ಯಕ ಉಳಿಸಿಕೊಂಡು ಬೆಂಗಳೂರಿನ ಕನ್ನಡ ಕಳೆದುಕೊಂಡದ್ದೂ ಒಂದಿದೆ. ನಾವು ಎಲ್ಲದಕ್ಕೂ "ನಾವು" ಅನ್ನುತ್ತೇವೆ. ದಕ್ಷಿಣ ಹವ್ಯಕದಲ್ಲಿ ಕೇಳುವವರನ್ನೂ ಸೇರಿಸಿಕೊಂಡರೆ "ನಾವು", ಬಿಟ್ಟರೆ "ಎಂಗೊ". "ನಾವು ಹೋಪ°" ಅಂದರೆ ನೀನೂ ಬಾ. "ಎಂಗೊ ಹೋವ್ತೆಯೊ" ಅಂದರೆ ನೀನು ಮನೆಯಲ್ಲಿರು. ತಮಿಳು, ತೆಲುಗು, ಮಲಯಾಳ, ತುಳು ಎಲ್ಲದರಲ್ಲೂ ಈ ಭೇದ ಇನ್ನೂ ಇದೆ.

ಅದೇ ಸೆಮಿಸ್ಟರಿನಲ್ಲಿ ಲೊಂಬಾರ್ಡ್ ಬಗ್ಗೆ ಓದಬೇಕಾಯಿತು. ಇಟಲಿಯ ಮಿಲಾನ್, ಬೆರ್ಗಾಮೊ ಕಡೆಯ ಮಾತು, ಗಡಿಯಾಚೆ ಸ್ವಿಟ್ಜರ್ಲೆಂಡಿನ ಟಿಚಿನೊದಲ್ಲೂ ಆಡುತ್ತಾರೆ. ಸ್ಥೂಲವಾಗಿ ಅದ್ದಾ ನದಿಯ ಆಚೆ ಒಂದು ಬಗೆ, ಈಚೆ ಒಂದು ಬಗೆ. 1999ರಲ್ಲಿ ಇಟಲಿ ಹನ್ನೆರಡು ಅಲ್ಪಸಂಖ್ಯಾತ ಭಾಷೆಗಳಿಗೆ ಕಾನೂನಿನ ರಕ್ಷಣೆ ಕೊಟ್ಟಾಗ ಲೊಂಬಾರ್ಡ್ ಆ ಪಟ್ಟಿಯಲ್ಲಿರಲಿಲ್ಲ. ಅಲ್ಲಿನವರಿಗೆ ಅದು ಬರೀ "ದಿಯಾಲೆತ್ತೊ", ಅಜ್ಜ ಅಜ್ಜಿಯರ ಮಾತು. ನಮ್ಮಲ್ಲೂ ಪಟ್ಟಿಗಳ ಕಥೆ ಹೀಗೇ. 2011ರ ಜನಗಣತಿಯಲ್ಲಿ ಕನ್ನಡದ ಕೆಳಗೆ ನೀಲಗಿರಿಯ ಬಡಗಕ್ಕೆ ಒಂದು ಸಾಲು ಇದೆ, ಹವ್ಯಕಕ್ಕೋ ಕುಂದಾಪ್ರಕ್ಕೋ ಇಲ್ಲ. ನಮ್ಮ ಮನೆಯವರೇ ಕನ್ನಡ ಅಂತ ಬರೆಸಿದ್ದು, ದೂರುವುದಕ್ಕೆ ಬಾಯಿಲ್ಲ.

ಇನ್ನೊಂದು ವಿಷಯ ತಿಳಿದದ್ದು ಮಾವನ ಮನೆಯ ಬಾಲ್ಕನಿಯಲ್ಲಿ. ಪಕ್ಕದ ಆಂಟಿ ತಮ್ಮ ಬಾಲ್ಕನಿಯಲ್ಲಿ ಬಟ್ಟೆ ಒಣಗಿಸುತ್ತಾ ಫೋನಿನಲ್ಲಿ ತೆಲುಗಿನಲ್ಲಿ ಮಾತಾಡುತ್ತಿದ್ದರು. "ಮಾ ಅಮ್ಮಾಯಿ ವಚ್ಚಿಂದಿ." ನಮ್ಮ ಹುಡುಗಿ ಬಂದಿದ್ದಾಳೆ. ಸ್ವಲ್ಪ ಹೊತ್ತಿಗೆ ಬಸ್ಸೊಂದು ಬಂದ ಸುದ್ದಿ ಹೇಳಿದರು, ಅದಕ್ಕೂ "ವಚ್ಚಿಂದಿ". ಮಗಳಿಗೂ ಬಸ್ಸಿಗೂ ಒಂದೇ ಕ್ರಿಯಾಪದ. ಹದಿನಾಲ್ಕು ವರ್ಷ ಒಂದೇ ಗೋಡೆ ಹಂಚಿಕೊಂಡ ಇಬ್ಬರು ಹೆಂಗಸರು, ಅವರವರ ಅಡುಗೆಮನೆಯಲ್ಲಿ ಒಂದೇ ವ್ಯಾಕರಣ. ಕೆಟ್ಟದ್ದು ನಡುವಿನ ನನ್ನ ಬೆಂಗಳೂರು ಕನ್ನಡದಲ್ಲಿ. ಆಂಟಿಗೆ ಇದನ್ನು ವಿವರಿಸಬೇಕು ಅನ್ನಿಸಿತು. ಆದರೆ ಯಾರು ತಾನೇ ಬಟ್ಟೆ ಒಣಗಿಸುವವರಿಗೆ ಲಿಂಗವಿವಕ್ಷೆ ಹೇಳುತ್ತಾರೆ.

ಮೂರನೇ ಭಾನುವಾರ ರೆಕಾರ್ಡರ್ ಇಟ್ಟು ನಾನು ಹಲಸಿನ ಹಪ್ಪಳದ ಬಗ್ಗೆ ಕೇಳಿದೆ. ಅರ್ಧ ಗಂಟೆ ಪುಸ್ತಕದ ಕನ್ನಡದಲ್ಲೇ ಹಪ್ಪಳ ಲಟ್ಟಿಸಿದ ಅಜ್ಜಿ, ಮಳೆ ಬಂದು ಹಪ್ಪಳ ಒದ್ದೆಯಾದ ಜಾಗದಲ್ಲಿ ಜಾರಿದರು. ತಂಗಿಯೊಬ್ಬಳು ಚಾಪೆ ಸುರುಳಿ ಸುತ್ತಿಕೊಂಡು ಓಡಿ "ಬಂತು". ಅಂದ ಕೂಡಲೇ ನಿಲ್ಲಿಸಿ ನನ್ನ ಮುಖ ನೋಡಿ, "ಬಂದಳು" ಅಂತ ತಿದ್ದಿಕೊಂಡರು.

ನಾನು ರೆಕಾರ್ಡರ್ ಆರಿಸಲಿಲ್ಲ. "ಅಜ್ಜೀ, ಆಗ ನಾನು ಹಾಗೆ ಹೇಳಬಾರದಿತ್ತು. ನೀನು ಹೇಳುತ್ತಿದ್ದದ್ದೇ ಸರಿ ಇತ್ತು" ಅಂದೆ. ಯಾವಾಗ, ಏನು ಅಂತ ಅವರು ಕೇಳಲಿಲ್ಲ. ಮರೆತಿರಲೇ ಇಲ್ಲ ಅಂತ ಆಗ ಗೊತ್ತಾಯಿತು.

"ನೀನು ಹೇಳಿದ್ದು ಸರಿಯೇ" ಅಂದರು. "ಎಂಗಳ ಊರಿಲ್ಲಿ ಹಾಂಗೆ ಹೇಳುದು. ನಿಂಗಳ ಊರಿಲ್ಲಿ ಹಾಂಗಲ್ಲ."

ಮನೆಗೆ ಬಂದು ಆ ವಾಕ್ಯವನ್ನು ನಾಲ್ಕು ಸಲ ಕೇಳಿದೆ. "ನಮ್ಮ ಊರಿಲ್ಲಿ" ಅಂದಿದ್ದಾರೇನೋ ಅಂತ ಹೆಡ್‌ಫೋನ್ ಹಾಕಿ ಮತ್ತೆ ಕೇಳಿದೆ. ಎಂಗಳ. ದತ್ತಾಂಶದ ಹಾಳೆಯಲ್ಲಿ ಅದರ ಎದುರು ಬರೆದೆ: ಉತ್ತಮ ಪುರುಷ, ಬಹುವಚನ, ಷಷ್ಠಿ, ಕೇಳುಗರನ್ನು ಬಿಟ್ಟು.

ಅದೇ ಸಂಜೆ ನಾನು ಹೊರಡುವ ಮುಂಚೆ ಆಂಟಿ ಕರಿಬೇವು ಕೇಳಲು ಬಂದಿದ್ದರು. "ಬನ್ನಿ, ಕುಳಿತುಕೊಳ್ಳಿ" ಅಂದರು ಅಜ್ಜಿ, ಒಂದಕ್ಷರ ತಪ್ಪದೆ. ನನ್ನ ಕಡೆ ತಿರುಗಿ, "ಅವಕ್ಕೆ ಆಸರಿಂಗೆ ಎಂತಾರು ಕೊಡು" ಅಂದರು. ಅದಕ್ಕೆ ಅಲ್ಲ, ಅವಕ್ಕೆ. ಹಿರಿಯರಿಗೆ, ಗುರುಗಳಿಗೆ ಹೇಳುವ "ಅವು". ಬೆಂಗಳೂರಿನವರಿಗೆ ಇದೂ ದನಕರುಗಳ ಬಹುವಚನವೇ. ಆಂಟಿ ಈ ಸಲ ಏನೂ ಅಂದುಕೊಂಡ ಹಾಗೆ ಕಾಣಲಿಲ್ಲ. ನಾನು ಒಳಗೆ ಹೋಗಿ ಮಜ್ಜಿಗೆಗೆ ಉಪ್ಪು ಹಾಕಿದೆ.