ಪಾರಿಜಾತದ ಆಟವೂ ಅಂಗೈಯ ಯಂತ್ರವೂ

ಇದು ಯಂತ್ರಯುಗವೆಂದು ನಮ್ಮ ಹಿರಿಯರು ಹೇಳುತ್ತ ಬಂದಿರುವರು. ಅವರ ಕಾಲದ ಯಂತ್ರ ಗಿರಣಿಯಲ್ಲಿದ್ದಿತು, ನಮ್ಮದು ಅಂಗೈಯಲ್ಲಿದೆ. ಚಿಕ್ಕೋಡಿಯ ಬಸ್ಸಿನಲ್ಲಿ ನಿಂತವನೂ ಬೇಕಾದ ಹಾಡನ್ನು ಬೇಕಾದಾಗ ಕೇಳಬಲ್ಲನು. ಇದು ಸಣ್ಣ ಸುಖವಲ್ಲ. ಆದರೆ ಈ ಸುಖದ ಬೆಲೆಯನ್ನು ಯಾರು ತೆರುತ್ತಿರುವರೆಂಬ ಪ್ರಶ್ನೆ ನನ್ನನ್ನು ಬಹುದಿನಗಳಿಂದ ಕಾಡುತ್ತಿದೆ.

ನಮ್ಮ ಸೀಮೆ ಆಟದ ಸೀಮೆ. ಕುಲಗೋಡ ತಮ್ಮಣ್ಣನು ರಂಗಕ್ಕೆ ಹೊಂದಿಸಿದ ಶ್ರೀಕೃಷ್ಣ ಪಾರಿಜಾತವು ಇಲ್ಲಿ ಮನೆಮಾತು. ಕೌಜಲಗಿ ನಿಂಗಮ್ಮನು ಹೆಣ್ಣಾಗಿ ಆ ರಂಗದಲ್ಲಿ ನಿಂತು ಹೆಸರು ಪಡೆದಳು. ಕಾಗವಾಡದ ನೆರೆಯ ಸಾಂಗಲಿಯಲ್ಲಿ 1843ರಲ್ಲಿ ವಿಷ್ಣುದಾಸ ಭಾವೆಯವರು ಮರಾಠಿಯ ಮೊದಲ ನಾಟಕವನ್ನಾಡಿಸಿದಾಗ, ಅದಕ್ಕೆ ಪ್ರೇರಣೆಯಾದದ್ದು ಕನ್ನಡ ಭಾಗವತರ ಆಟವೆಂದು ಬಲ್ಲವರು ಹೇಳುವರು.

ಪಾರಿಜಾತದ ಕಥೆ ಎಲ್ಲರಿಗೂ ಗೊತ್ತು. ನಾರದನು ತಂದ ಹೂವನ್ನು ಕೃಷ್ಣನು ರುಕ್ಮಿಣಿಗೆ ಕೊಡುವನು; ಸತ್ಯಭಾಮೆ ಮುನಿಯುವಳು. ಆದರೂ ಜನ ಬೆಳತನಕ ಏಕೆ ಕೂಡುವರು? ಎರಡು ವರ್ಷದ ಹಿಂದೆ ರಾಯಬಾಗ ತಾಲೂಕಿನ ನಮ್ಮೂರ ಜಾತ್ರೆಯಲ್ಲಿ ಇದಕ್ಕೆ ಉತ್ತರ ಕಂಡೆನು. ಭಾಮೆಯ ಪಾತ್ರಧಾರಿ ಹಾಡುತ್ತಿರಲು ಮುಂದೆ ಕುಳಿತ ಮುದುಕಿಯೊಬ್ಬಳು ಸೆರಗಿನಿಂದ ಕಣ್ಣೊರಸಿಕೊಂಡಳು. ಅವನು ಅದನ್ನು ಕಂಡನು. ಅವಳ ಕಡೆಗೆ ತಿರುಗಿ ಅದೇ ನುಡಿಯನ್ನು ಇನ್ನೂ ನಿಧಾನವಾಗಿ ಹಾಡಿದನು. ಪೇಟಿಯವನು ಅವನ ಹಿಂದೆಯೇ ನಡೆದನು. ಅಷ್ಟರಲ್ಲಿ ಭಾಗವತನು, "ಯಾಕವಾ ತಾಯಿ, ಇಷ್ಟ್ಯಾಕ ಸಿಟ್ಟು? ನಿಪ್ಪಾಣ್ಯಾಗ ತಂಬಾಕಿನ ಧಾರಣಿ ಇಳೀತೇನು?" ಎಂದನು. ಅಳುತ್ತಿದ್ದವರೆಲ್ಲ ನಕ್ಕರು. ಯಂತ್ರವು ಸಾವಿರ ಸಲ ಹಾಡೀತು. ಕೇಳುವವರ ಮುಖವನ್ನು ಒಮ್ಮೆಯೂ ನೋಡಲಾರದು.

ಆ ಹಾಡನ್ನು ಯಾರೋ ಮೊಬೈಲಿನಲ್ಲಿ ಹಿಡಿದಿದ್ದರು. ಕೆಲವು ದಿನಗಳ ಮೇಲೆ ಅಥಣಿಯ ಚಹದಂಗಡಿಯಲ್ಲಿ ಅದೇ ಕೇಳಿಬಂದಿತು. ಕುಳಿತವರು ತಲೆದೂಗುತ್ತಿದ್ದರು. ಹಾಡಿದವನ ಹೆಸರಾಗಲಿ ಊರಾಗಲಿ ಅದರಲ್ಲಿರಲಿಲ್ಲ. ಆ ಹೊತ್ತಿಗೆ ಅವನು ಯಾರದೋ ಹೊಲದಲ್ಲಿ ಕಬ್ಬು ಕಡಿಯುತ್ತಿದ್ದನು. ಮರುವರ್ಷದ ಜಾತ್ರೆಗೆ ಊರವರು ಮೇಳಕ್ಕೆ ವೀಳ್ಯ ಕೊಡಲಿಲ್ಲ, ಡಿಜೆ ತರಿಸಿದರು. "ಹಾಡು ಮೊಬೈಲ್ನ್ಯಾಗ ಐತಲ್ಲ, ಮತ್ಯಾಕ ರೊಕ್ಕ?" ಎಂಬುದು ಅವರ ವಾದ.

1902ರಲ್ಲಿ ಕಲಕತ್ತೆಯಲ್ಲಿ ಗ್ರಾಮಫೋನಿಗೆ ಹಾಡಿದ ಗೌಹರ್ ಜಾನ್, ಹಾಡಿನ ಕೊನೆಗೆ ತನ್ನ ಹೆಸರನ್ನು ತಾನೇ ಕೂಗಿ ಹೇಳುತ್ತಿದ್ದಳು. ಆ ತಟ್ಟೆಯಲ್ಲಿ ಹಿಡಿಯುತ್ತಿದ್ದುದು ಸುಮಾರು ಮೂರು ನಿಮಿಷದ ಹಾಡು. ಅದರಲ್ಲಿಯೂ ಹೆಸರಿಗೆ ಎಡೆಯಿದ್ದಿತು. ನಮ್ಮ ಯಂತ್ರದಲ್ಲಿ ಎಡೆಗೆ ಕೊರತೆಯಿಲ್ಲ. ಕೊರತೆ ನಮ್ಮ ಮನಸ್ಸಿನಲ್ಲಿದೆ.

ಯಂತ್ರವನ್ನು ಎಸೆಯಿರೆಂದು ನಾನು ಹೇಳುವದಿಲ್ಲ. ದೂರದ ಊರಿಗೆ ದುಡಿಯಲು ಹೋದವನಿಗೆ ತನ್ನ ಸೀಮೆಯ ದನಿಯನ್ನು ಕೇಳಿಸುವದು ಅದೇ. ವಿದ್ಯಾರ್ಥಿಮಿತ್ರರಲ್ಲಿ ಎರಡೇ ಬಿನ್ನಹ. ಹಾಡನ್ನು ಹಿಡಿದರೆ ಹಾಡಿದವರ ಹೆಸರನ್ನೂ ಊರನ್ನೂ ಬರೆಯಿರಿ. ನಮ್ಮ ಸ್ನೇಹಸಮ್ಮೇಳನಕ್ಕೆ ವರ್ಷಕ್ಕೊಂದು ಮೇಳವನ್ನು ತಕ್ಕ ಸಂಭಾವನೆ ಕೊಟ್ಟು ಕರೆಸೋಣ. ಮೊಬೈಲನ್ನು ಕಿಸೆಯಲ್ಲಿಟ್ಟು ಮುಂದೆ ಕೂಡೋಣ. ಕಲಾವಿದನಿಗೆ ರೊಕ್ಕ ಬೇಕು, ಹೆಸರು ಬೇಕು. ಅವನು ತಿರುಗಿ ನೋಡಿದಾಗ ಎದುರಿಗೊಂದು ಮುಖವೂ ಬೇಕು.