ಹರಿಗೋಲಿನ ಭಾರ

ತುಂಗಭದ್ರೆಯನ್ನು ದಾಟಿ ಆನೆಗೊಂದಿಗೆ ಬರುವ ಹರಿಗೋಲುಗಳನ್ನು 1520ರ ಸುಮಾರಿನಲ್ಲಿ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಸ್ ವರ್ಣಿಸಿದ್ದಾನೆ: ಬುಟ್ಟಿಯಂತೆ ದುಂಡನೆಯವು, ಹೊರಗೆ ತೊಗಲಿನ ಹೊದಿಕೆ, ಹದಿನೈದಿಪ್ಪತ್ತು ಜನರನ್ನು ಹೊರುವಂಥವು.

ಈಚೆಗೆ ಆ ದಡದಲ್ಲಿ ವೃದ್ಧರೊಬ್ಬರು ಸೀಳಿದ ಬಿದಿರಿನ ಪಟ್ಟಿಗಳನ್ನು ಅಡ್ಡಡ್ಡಲಾಗಿ ಹೆಣೆದು ಅಂಚು ಬಿಗಿಯುತ್ತಿದ್ದರು. ತೊಗಲಿನ ಬದಲು ಈಗ ಪ್ಲಾಸ್ಟಿಕ್ ಹಾಳೆ, ಅದರ ಮೇಲೆ ಡಾಂಬರು. “ಹಿಂಸೆ ತಪ್ಪಿತಲ್ಲ, ಯಜಮಾನರೆ” ಎಂದೆ, ಸಂತೋಷದಿಂದ.

“ತೊಗಲು ಹೋತ್ರಿ ಸಾವಕಾರ್ರ, ಈಗ ಹೆಣೆಯೋರೂ ಹೋದ್ರು. ನನ್ ಮಕ್ಕಳು ಕಲೀಲಿಲ್ರಿ” ಎಂದರು.

ಆ ಮಾತಿನಿಂದ ನನಗೆ ಹಳೆಯದೊಂದು ನೆನಪಾಯಿತು. ಯೌವನದಲ್ಲಿ, ಒಂದು ಸಲದ ಬಾಡಿಗೆ ಉಳಿಸಲೆಂದು, ಎರಡು ಸಲಕ್ಕಾಗುವ ಭತ್ತದ ಚೀಲಗಳನ್ನು ಒಂದೇ ಹರಿಗೋಲಿಗೆ ಏರಿಸಿದ್ದೆ. ನೀರು ಅಂಚನ್ನು ಮುಟ್ಟುತ್ತಿತ್ತು. ಅಂಬಿಗ ಮೌನವಾಗಿ ಹುಟ್ಟು ಹಾಕಿದ. ದಡ ಸೇರಿ ನಾನು ಆ ಉಳಿತಾಯವನ್ನು ಲಾಭಕ್ಕೆ ಬರೆದುಕೊಂಡೆ.

ತತ್ತ್ವಾರ್ಥಸೂತ್ರವು ಅಹಿಂಸಾಣುವ್ರತಕ್ಕೆ ಹೇಳುವ ಐದು ಅತಿಚಾರಗಳಲ್ಲಿ ಅತಿಭಾರಾರೋಪಣವೂ ಅನ್ನಪಾನನಿರೋಧವೂ ಸೇರಿವೆ. ತೊಗಲಿಗೆ ಹೇಸುತ್ತಿದ್ದ ನಾನು ಮಿತಿಮೀರಿ ಭಾರ ಹೊರಿಸಲು ಹೇಸಲಿಲ್ಲ. ಬಾಡಿಗೆ ಉಳಿಸಿ ಒಬ್ಬರ ಅನ್ನಕ್ಕೂ ಅಡ್ಡಿಯಾದೆ.

ಇಂದು ಬುಕ್ಕಸಾಗರ–ಕಡೇಬಾಗಿಲು ಸೇತುವೆಯಿದೆ. ಅದು ಜನರಿಗೆ ಬೇಕಾದದ್ದೇ. ಹರಿಗೋಲಿನ ಕೆಲಸ ಬಹುಮಟ್ಟಿಗೆ ಪ್ರವಾಸಿಗರಿಗೆ ಸೀಮಿತವಾಗಿದೆ. ಆದರೂ ಆ ಹೆಣಿಗೆಯ ವಿದ್ಯೆ ಅವರೊಂದಿಗೇ ಮುಗಿಯಬೇಕೆ? ನಮ್ಮ ಬಸದಿಗಳ ಟ್ರಸ್ಟುಗಳು ಚತುರ್ವಿಧ ದಾನಗಳಲ್ಲಿ ಶಾಸ್ತ್ರದಾನವನ್ನು ಎಣಿಸುತ್ತವೆ. ಒಬ್ಬ ಹುಡುಗ ಆ ವೃದ್ಧರ ಬಳಿ ಒಂದು ವರ್ಷ ಕಲಿಯಲು ತಗಲುವ ವೆಚ್ಚವೂ ವಿದ್ಯಾದಾನವೇ ಅಲ್ಲವೆ? ಶ್ರಾವಕ ಬಂಧುಗಳು ಯೋಚಿಸಬೇಕು.

ನನ್ನ ಪಾಲನ್ನು ತೆಗೆದಿರಿಸಿದ್ದೇನೆ. ಪುಸ್ತಕದಲ್ಲಿ ಅದನ್ನು ದಾನದ ಖಾತೆಗೆ ಹಾಕದೆ, ಹಳೆಯ ಬಾಕಿಯೆಂದು ಬರೆದಿದ್ದೇನೆ.